ಸೂಜಿ ಕಂಡಾಕ್ಷಣ ಟೈಪ್ 1 ಅಲ್ಲ: ಇನ್ಸುಲಿನ್ ಚಾರ್ಟ್‌ಗಳ ಕೋಡಿಂಗ್

"ಅಪ್ಪಗ ಮೊದಲ ಗುಳಿಗಿ ಇತ್ತು, ಈಗ ಸೂಜಿಗೆ ಬಂದೈತಿ." ಬೆಳಗಾವಿ ಕಡೆ ಯಾವ ಮನೆಯ ಕಟ್ಟೆಯ ಮೇಲೆ ಕೂತರೂ ಈ ಮಾತು ಕಿವಿಗೆ ಬೀಳುತ್ತದೆ. ಮೆಡಿಕಲ್ ಕೋಡಿಂಗ್, ಅಂದರೆ ರೋಗಿಯ ದಾಖಲೆ (ಚಾರ್ಟ್) ಓದಿ ಅದರಲ್ಲಿನ ರೋಗ, ಚಿಕಿತ್ಸೆಗಳಿಗೆ ಕೋಡ್ ಹಾಕುವ ಕೆಲಸ ಕಲಿಯುವವರು ಇದನ್ನು ಗಮನವಿಟ್ಟು ಕೇಳಬೇಕು. ಈ ಮಾತು ಬ್ಯಾನಿ ಬದಲಾಯಿತು ಅನ್ನುವುದಿಲ್ಲ, ಔಷಧ ಬದಲಾಯಿತು ಅನ್ನುತ್ತದೆ. ಅಮೆರಿಕದಲ್ಲಿ ಬಳಸುವ ರೋಗಗಳ ಕೋಡ್ ಪುಸ್ತಕ ಐಸಿಡಿ-10-ಸಿಎಮ್ ಕೂಡ ಇದನ್ನೇ ಹೇಳುತ್ತದೆ: ರೋಗಕ್ಕೆ ಒಂದು ಕೋಡ್, ಅದನ್ನು ಯಾವುದರಿಂದ ಹತೋಟಿಯಲ್ಲಿ ಇಟ್ಟಿದ್ದಾರೆ ಅನ್ನುವುದಕ್ಕೆ ಇನ್ನೊಂದು. ಇನ್ಸುಲಿನ್ ಚಾರ್ಟ್‌ಗಳಲ್ಲಿ ಆಗುವ ತಪ್ಪುಗಳಲ್ಲಿ ಹೆಚ್ಚಿನವು ಇವೆರಡನ್ನೂ ಒಂದೇ ಅಂದುಕೊಂಡದ್ದರಿಂದ ಆಗುವಂಥವು.

ಈ ಬರಹ ಮುಖ್ಯವಾಗಿ ತಿಲಕವಾಡಿಯಲ್ಲೋ ವಡಗಾವಿಯಲ್ಲೋ ಕೂತು ಅಮೆರಿಕದ ಚಾರ್ಟ್ ಬಿಡಿಸುವ ಹುಡುಗ ಹುಡುಗಿಯರಿಗೆ. ಬಿ.ಫಾರ್ಮ್, ನರ್ಸಿಂಗ್, ಫಿಸಿಯೋ ಮುಗಿಸಿ ಈ ಕೆಲಸಕ್ಕೆ ಬಂದವರಿಗೆ ಔಷಧದ ಹೆಸರು ಗೊತ್ತಿರುತ್ತದೆ, ನಿಯಮ ಗೊತ್ತಿರುವುದಿಲ್ಲ. ಬಿ.ಎಸ್ಸಿ. ಮಾಡಿ ಬಂದವರದು ಇದರ ಉಲ್ಟಾ. ಕೋಡ್‌ಗಳ ಅಕ್ಷರಗಳನ್ನು ಬಾಯಲ್ಲಿ ಹೇಳುವ ಹಾಗೆ ಕನ್ನಡದಲ್ಲೇ ಬರೆದಿದೆ. ಝಡ್79.4 ಅಂದರೆ ದೀರ್ಘಕಾಲದಿಂದ ಇನ್ಸುಲಿನ್ ಬಳಕೆ. ಇಡೀ ಬರಹ ಅದರ ಸುತ್ತಲೇ ಇದೆ.

ಐಡಿಡಿಎಮ್ ಎಂಬ ಹಳೆಯ ಮಾತು

ವಯಸ್ಸಾದ ಡಾಕ್ಟರರ ನೋಟ್‌ಗಳಲ್ಲಿ ಇಂದಿಗೂ "ಐಡಿಡಿಎಮ್" ಅಂತ ಬರುತ್ತದೆ, ಅಂದರೆ ಇನ್ಸುಲಿನ್ ಅವಲಂಬಿತ ಮಧುಮೇಹ. ಕೆಲಸಕ್ಕೆ ಹೊಸದಾಗಿ ಸೇರಿದವರು ಅದನ್ನು ಕಂಡ ಕೂಡಲೇ ಟೈಪ್ 1ರ ಕೋಡ್ ಇ10 ಹಾಕುತ್ತಾರೆ. ಹಿಂದಿನ ಪುಸ್ತಕವಾದ ಐಸಿಡಿ-9ರ ಕಾಲದಲ್ಲಿ ಈ ಮಾತಿಗೆ ಬೆಲೆ ಇತ್ತು. 2004ರ ಅಕ್ಟೋಬರ್‌ನಲ್ಲಿ ಅಮೆರಿಕದವರು ಆ ಹೆಸರುಗಳನ್ನು ತೆಗೆದು ಟೈಪ್ 1, ಟೈಪ್ 2 ಅಂತ ಮಾಡಿದರು. ಇನ್ಸುಲಿನ್ ಬಳಕೆಗೆ ವಿ58.67 ಅನ್ನುವ ಬೇರೆ ಕೋಡ್ ಕೊಟ್ಟರು. 2015ರ ಅಕ್ಟೋಬರ್ 1ರಂದು ಐಸಿಡಿ-10-ಸಿಎಮ್ ಜಾರಿಗೆ ಬಂದಾಗ ಅದೇ ಝಡ್79.4 ಆಯಿತು. ಈಗಿನ ಪುಸ್ತಕದ ಇಂಡೆಕ್ಸ್‌ನಲ್ಲಿ (ಪದ ಹುಡುಕುವ ಪಟ್ಟಿಯಲ್ಲಿ) ಇನ್ಸುಲಿನ್ ಅವಲಂಬಿತ ಅಂತ ಹುಡುಕಿದರೆ, ಮಧುಮೇಹದ ಟೈಪ್ ನೋಡಿ ಕೋಡ್ ಮಾಡಿ ಅನ್ನುತ್ತದೆ. ಅಂದರೆ ಐಡಿಡಿಎಮ್ ಟೈಪ್ ಯಾವುದು ಅಂತ ಹೇಳುವುದೇ ಇಲ್ಲ.

ಹಾಗಾದರೆ ಟೈಪ್ ಎಲ್ಲೂ ಬರೆದೇ ಇಲ್ಲ, ಇನ್ಸುಲಿನ್ ಮಾತ್ರ ಇದೆ ಅಂದಾಗ? ಗೈಡ್‌ಲೈನ್, ಅಂದರೆ ಕೋಡಿಂಗ್‌ನ ಅಧಿಕೃತ ನಿಯಮಾವಳಿ, ಇದನ್ನು ಸಂಶಯಕ್ಕೆ ಬಿಟ್ಟಿಲ್ಲ. ಟೈಪ್ ದಾಖಲಾಗದಿದ್ದರೆ ಟೈಪ್ 2ರ ಕೋಡ್ ಇ11, ಜೊತೆಗೆ ಝಡ್79.4. ರೋಗಿಗೆ 19 ವರ್ಷ ಆಗಿರಲಿ, 70 ಆಗಿರಲಿ, ವಯಸ್ಸು ನೋಡಿ ಟೈಪ್ ತೀರ್ಮಾನಿಸುವ ಹಕ್ಕು ಕೋಡರ್‌ಗೆ ಇಲ್ಲ. "19ರ ಹುಡುಗ, ನಾಕು ಸಲ ಸೂಜಿ, ಟೈಪ್ 1 ಅಲ್ದ ಮತ್ತೇನ?" ಅಂತ ಮನಸ್ಸು ಹೇಳುತ್ತದೆ. ಹೇಳಲಿ. ಕ್ವೆರಿ, ಅಂದರೆ ಡಾಕ್ಟರರಿಗೆ ಲಿಖಿತ ಪ್ರಶ್ನೆ, ಕಳಿಸಲು ಅವಕಾಶ ಇದ್ದರೆ ಕಳಿಸಬೇಕು, ಇಲ್ಲದಿದ್ದರೆ ಇ11 ಹಾಕಿ ಮುಂದೆ ಹೋಗಬೇಕು.

ಇ10ಕ್ಕೆ ಝಡ್79.4 ಸೇರಿಸಬೇಕೇ ಅನ್ನುವುದು ಇದಕ್ಕೆ ಅಂಟಿಕೊಂಡೇ ಬರುವ ಪ್ರಶ್ನೆ. ಟ್ಯಾಬ್ಯುಲರ್ ಪಟ್ಟಿಯಲ್ಲಿ, ಅಂದರೆ ಕೋಡ್‌ಗಳನ್ನು ಕ್ರಮವಾಗಿ ಕೊಟ್ಟ ಪಟ್ಟಿಯಲ್ಲಿ, ಇ08 (ಬೇರೆ ರೋಗದಿಂದ ಬಂದ ಮಧುಮೇಹ), ಇ09 (ಔಷಧದಿಂದ ಬಂದದ್ದು), ಇ11, ಇ13 (ಇತರೆ) ಇವುಗಳ ಕೆಳಗೆ, ಇನ್ಸುಲಿನ್ ಬಳಸುತ್ತಿದ್ದರೆ ಹೆಚ್ಚುವರಿ ಕೋಡ್ ಹಾಕಿ ಅನ್ನುವ ಸೂಚನೆ ಇದೆ. ಇ10ರ ಕೆಳಗೆ ಇಲ್ಲ. ಟೈಪ್ 1 ಅಂದರೆ ಜೀವನಪರ್ಯಂತ ಇನ್ಸುಲಿನ್ ಬೇಕೇ ಬೇಕು, ಅದನ್ನು ಮತ್ತೊಮ್ಮೆ ಹೇಳುವುದು ಬೇಡ ಅನ್ನುವುದು ಅದರ ತರ್ಕ. ಕೆಲವು ಕ್ಲೈಂಟ್‌ಗಳು ಆದರೂ ಕೇಳುತ್ತಾರೆ. ಅವರ ಕೈಪಿಡಿಯಲ್ಲಿ ಬರೆದಿದ್ದರೆ ಹಾಕಿ, ಬರೆಯದಿದ್ದರೆ ಬೇಡ.

ಎಷ್ಟು ದಿನದ ಇನ್ಸುಲಿನ್?

ಹಣ ಮತ್ತು ಆಡಿಟ್ ಎರಡೂ ಸಿಕ್ಕಿಬೀಳುವ ಜಾಗ ಇದು. ನ್ಯುಮೋನಿಯ ಆಗಿ ಟೈಪ್ 2 ರೋಗಿ ಆಸ್ಪತ್ರೆಗೆ ಸೇರುತ್ತಾನೆ. ಮನೆಯಲ್ಲಿ ಅವನಿಗೆ ಮೆಟ್‌ಫಾರ್ಮಿನ್ ಒಂದೇ. ಆಸ್ಪತ್ರೆಯಲ್ಲಿ ಅದನ್ನು ನಿಲ್ಲಿಸಿ, ಊಟಕ್ಕೆ ಮುಂಚೆ ಬೆರಳು ಚುಚ್ಚಿ ನೋಡಿ, ಸ್ಲೈಡಿಂಗ್ ಸ್ಕೇಲ್ ಪ್ರಕಾರ, ಅಂದರೆ ಆಗಿನ ಸಕ್ಕರೆಗೆ ತಕ್ಕಷ್ಟು, ರೆಗ್ಯುಲರ್ ಇನ್ಸುಲಿನ್ ಕೊಡುತ್ತಾರೆ. ಔಷಧದ ಚಾರ್ಟ್‌ನ ನಾಲ್ಕು ಪುಟಗಳಲ್ಲೂ ಇನ್ಸುಲಿನ್. ಐದನೆಯ ದಿನ ಡಿಸ್ಚಾರ್ಜ್, ಮತ್ತೆ ಮೆಟ್‌ಫಾರ್ಮಿನ್. ಇಲ್ಲಿ ಝಡ್79.4 ಬರುವುದಿಲ್ಲ. ಒಂದು ಭೇಟಿಯ ಅವಧಿಯಲ್ಲಿ ಸಕ್ಕರೆ ಇಳಿಸಲು ತಾತ್ಕಾಲಿಕವಾಗಿ ಕೊಟ್ಟ ಇನ್ಸುಲಿನ್‌ಗೆ ಈ ಕೋಡ್ ಹಾಕಕೂಡದು ಅಂತ ಗೈಡ್‌ಲೈನ್ ಸ್ಪಷ್ಟವಾಗಿ ಹೇಳಿದೆ. ಬರುವುದು ಝಡ್79.84 ಮಾತ್ರ, ಅಂದರೆ ಬಾಯಿಯಿಂದ ತೆಗೆದುಕೊಳ್ಳುವ ಮಧುಮೇಹದ ಔಷಧದ ದೀರ್ಘ ಬಳಕೆ.

ಅದೇ ರೋಗಿಯನ್ನು "ಗ್ಲಾರ್ಜಿನ್ 14 ಯೂನಿಟ್ ರಾತ್ರಿ ಮುಂದುವರಿಸಿ, ಎರಡು ವಾರಕ್ಕೆ ಬಂದು ತೋರಿಸಿ" ಅಂತ ಕಳಿಸಿದರೆ? ಆಗ ಇನ್ಸುಲಿನ್ ದೀರ್ಘಕಾಲದ ಚಿಕಿತ್ಸೆಯ ಭಾಗವಾಯಿತು, ಝಡ್79.4 ಸೇರಿಸಬಹುದು. ಆದ್ದರಿಂದ ಇಂಥ ಚಾರ್ಟ್‌ನಲ್ಲಿ ಎರಡು ಪುಟ ಪಕ್ಕಪಕ್ಕ ತೆರೆದಿರಲಿ: ಮನೆಯಿಂದ ಬರುವಾಗ ಇದ್ದ ಔಷಧಗಳ ಪಟ್ಟಿ ಮತ್ತು ಡಿಸ್ಚಾರ್ಜ್ ಔಷಧಗಳ ಪಟ್ಟಿ. ನಡುವಿನ ಪುಟಗಳಲ್ಲಿ ಇನ್ಸುಲಿನ್ ಎಷ್ಟು ಸಲ ಬಂದಿದೆ ಅನ್ನುವುದು ಈ ಕೋಡ್‌ಗೆ ಲೆಕ್ಕಕ್ಕಿಲ್ಲ.

ಮಧುಮೇಹವೇ ಇಲ್ಲದವರಿಗೂ ಇನ್ಸುಲಿನ್ ಕೊಡುತ್ತಾರೆ ಅನ್ನುವುದು ಕೆಲವರಿಗೆ ಹೊಸ ವಿಷಯ. ರಕ್ತದಲ್ಲಿ ಪೊಟ್ಯಾಸಿಯಮ್ ಏರಿದಾಗ 10 ಯೂನಿಟ್ ರೆಗ್ಯುಲರ್ ಇನ್ಸುಲಿನ್ ಜೊತೆಗೆ 25 ಗ್ರಾಂ ಡೆಕ್ಸ್‌ಟ್ರೋಸ್ ರಕ್ತನಾಳಕ್ಕೆ ಕೊಡುವುದು ವಾಡಿಕೆ. ಇನ್ಸುಲಿನ್ ಪೊಟ್ಯಾಸಿಯಮ್ಮನ್ನು ಜೀವಕೋಶದ ಒಳಗೆ ದೂಡುತ್ತದೆ, ಡೆಕ್ಸ್‌ಟ್ರೋಸ್ ಸಕ್ಕರೆ ಕುಸಿಯದಂತೆ ತಡೆಯುತ್ತದೆ. ಡಯಾಲಿಸಿಸ್ ರೋಗಿಗಳ ಚಾರ್ಟ್‌ನಲ್ಲಿ ಇದು ಮೇಲಿಂದ ಮೇಲೆ ಸಿಗುತ್ತದೆ. ಅಲ್ಲಿ ಪೊಟ್ಯಾಸಿಯಮ್ ಏರಿಕೆಯ ಇ87.5 ಇರುತ್ತದೆ, ಮಧುಮೇಹ ಇರಲೇಬೇಕೆಂದಿಲ್ಲ. ಹಾಗೆಯೇ ಸ್ಟೆರಾಯ್ಡ್ ಕೊಟ್ಟು ಸಕ್ಕರೆ ಏರಿದೆ, ಡಾಕ್ಟರ್ ಬರೆದದ್ದು ಸ್ಟೆರಾಯ್ಡ್‌ನಿಂದ ಹೈಪರ್‌ಗ್ಲೈಸೀಮಿಯ ಅಂತ ಮಾತ್ರ. ಅದಕ್ಕೆ ಆರ್73.9 (ಸಕ್ಕರೆ ಏರಿಕೆ) ಮತ್ತು ಟಿ38.0ಎಕ್ಸ್5ಎ (ಸ್ಟೆರಾಯ್ಡ್‌ನ ಅಡ್ಡಪರಿಣಾಮ). ಸ್ಟೆರಾಯ್ಡ್‌ನಿಂದ ಮಧುಮೇಹ ಬಂದಿದೆ ಅಂತ ಬರೆದರೆ ಮಾತ್ರ ಇ09. ಔಷಧದ ಪಟ್ಟಿ ನೋಡಿ ರೋಗ ಕಟ್ಟುವುದು ನಮ್ಮ ಕೆಲಸ ಅಲ್ಲ. ಇಂಥ ತಪ್ಪಿಗೆ ಆಡಿಟರ್ ಅಂಕ ಕಡಿದರೆ ವಾದಿಸಲು ಜಾಗವೇ ಇರುವುದಿಲ್ಲ.

ಗುಳಿಗೆ, ಸೂಜಿ, ಎರಡೂ ಅಲ್ಲದ್ದು

ನಿಯಮ ಇಲ್ಲಿ ಮೂರು ಸಲ ಬದಲಾಗಿದೆ. ಹಳೆಯ ಚಾರ್ಟ್ ಬಿಡಿಸುವವರು ತಾರೀಕು ನೋಡಲೇಬೇಕು. ಝಡ್79.84 ಬಂದದ್ದು 2016ರ ಅಕ್ಟೋಬರ್ 1ಕ್ಕೆ. ಆಗ ಗುಳಿಗೆ ಮತ್ತು ಇನ್ಸುಲಿನ್ ಎರಡೂ ಇದ್ದರೆ ಝಡ್79.4 ಒಂದನ್ನೇ ಹಾಕಿ ಅನ್ನುವ ನಿಯಮ ಇತ್ತು. 2021ರ ಅಕ್ಟೋಬರ್ 1ರಿಂದ ಎರಡನ್ನೂ ಹಾಕಬೇಕು. 2022ರ ಅಕ್ಟೋಬರ್ 1ಕ್ಕೆ ಝಡ್79.85 ಸೇರಿತು, ಇನ್ಸುಲಿನ್ ಅಲ್ಲದ ಚುಚ್ಚುಮದ್ದುಗಳಿಗಾಗಿ. ಅದಕ್ಕೂ ಮುಂಚೆ ಅವುಗಳಿಗೆ ಝಡ್79.899 ಅನ್ನುವ ಇತರೆ ಔಷಧಗಳ ಚೀಲವೇ ಗತಿಯಾಗಿತ್ತು. ಯಾವ ವರ್ಷದ ನಿಯಮ ಅನ್ನುವುದನ್ನು ತೀರ್ಮಾನಿಸುವುದು ರೋಗಿಯನ್ನು ನೋಡಿದ ದಿನ, ನೀವು ಕೋಡ್ ಮಾಡುವ ದಿನ ಅಲ್ಲ. ಡಿಸ್ಚಾರ್ಜ್ ಕೇಸ್ ಆದರೆ ಡಿಸ್ಚಾರ್ಜ್ ಆದ ದಿನ. ಹಿಂದಿನ ವರ್ಷಗಳ ಚಾರ್ಟ್ ಒಟ್ಟಿಗೆ ತೆಗೆದು ನೋಡುವ ಪ್ರಾಜೆಕ್ಟ್‌ಗಳಲ್ಲಿ ಒಬ್ಬನೇ ರೋಗಿಗೆ, ಒಂದೇ ಔಷಧಕ್ಕೆ, 2021ರ ಆಗಸ್ಟ್‌ನಲ್ಲಿ ಒಂದು ಕೋಡ್, ನವೆಂಬರ್‌ನಲ್ಲಿ ಎರಡು ಕೋಡ್ ಬರುವುದು ಸರಿಯೇ.

ಔಷಧದ ಹೆಸರುಗಳು ಕೈ ಕೊಡುವುದು ಇಲ್ಲೇ. ಒಜೆಂಪಿಕ್, ಟ್ರುಲಿಸಿಟಿ, ವಿಕ್ಟೋಜಾ, ಮೌಂಜಾರೊ ಎಲ್ಲವೂ ಪೆನ್‌ನಲ್ಲೇ ಬರುತ್ತವೆ, ಹೊಟ್ಟೆಗೇ ಚುಚ್ಚಿಕೊಳ್ಳುತ್ತಾರೆ, ಆದರೆ ಇನ್ಸುಲಿನ್ ಅಲ್ಲ, ಝಡ್79.85. ಒಜೆಂಪಿಕ್‌ನಲ್ಲಿರುವ ಸೆಮಾಗ್ಲುಟೈಡ್ ರೈಬೆಲ್ಸಸ್ ಅನ್ನುವ ಗುಳಿಗೆಯಾಗಿಯೂ ಸಿಗುತ್ತದೆ, ಅದು ಝಡ್79.84. ಅಫ್ರೆಜಾ ಬಾಯಿಯಿಂದ ಉಸಿರಿನ ಜೊತೆ ಎಳೆದುಕೊಳ್ಳುವ ಪುಡಿ, ಆದರೆ ಒಳಗಿರುವುದು ಇನ್ಸುಲಿನ್ನೇ, ಝಡ್79.4. ಸೋಲಿಕ್ವಾ ಮತ್ತು ಝಲ್ಟೊಫೈ ಒಂದೇ ಪೆನ್‌ನಲ್ಲಿ ಇನ್ಸುಲಿನ್ನನ್ನೂ ಇನ್ನೊಂದು ಔಷಧವನ್ನೂ ಹಿಡಿದಿರುತ್ತವೆ: ಮೊದಲನೆಯದರಲ್ಲಿ ಗ್ಲಾರ್ಜಿನ್ ಮತ್ತು ಲಿಕ್ಸಿಸೆನಟೈಡ್, ಎರಡನೆಯದರಲ್ಲಿ ಡೆಗ್ಲುಡೆಕ್ ಮತ್ತು ಲಿರಾಗ್ಲುಟೈಡ್. ಬ್ರಾಂಡ್ ಹೆಸರು ಮಾತ್ರ ನೋಡಿದವರಿಗೆ ಅರ್ಧ ತಪ್ಪಿಹೋಗುತ್ತದೆ. ಸೂಜಿ ಹೇಗೆ ಕಾಣುತ್ತದೆ ಅನ್ನುವುದನ್ನು ಬಿಟ್ಟು, ಅದರೊಳಗೆ ಏನಿದೆ ಅಂತ ಒಂದು ಸಲ ಹುಡುಕಿ ನೋಡಿ. ಅರ್ಧ ನಿಮಿಷದ ಕೆಲಸ.

ಒಂದು ಚಾರ್ಟ್ ಬಿಡಿಸಿ ನೋಡೋಣ

ನೋಟ್‌ನಲ್ಲಿ ಹೀಗಿದೆ ಅಂದುಕೊಳ್ಳಿ: ಟೈಪ್ 2 ಮಧುಮೇಹ, ಬಿಪಿ, ಸಿಕೆಡಿ (ದೀರ್ಘಕಾಲದ ಕಿಡ್ನಿ ಕಾಯಿಲೆ) 3ಬಿ ಹಂತ, ಕಾಲು ಉರಿ, ಪಾಲಿನ್ಯೂರೋಪತಿ (ನರಗಳ ತೊಂದರೆ). ಲ್ಯಾಂಟಸ್ 24 ಯೂನಿಟ್ ರಾತ್ರಿ, ಲಿನಾಗ್ಲಿಪ್ಟಿನ್ 5 ಮಿಲಿಗ್ರಾಂ ಬೆಳಿಗ್ಗೆ. ಎಚ್‌ಬಿಎ1ಸಿ (ಕೆಲವು ತಿಂಗಳ ಸರಾಸರಿ ಸಕ್ಕರೆ ತೋರಿಸುವ ರಕ್ತಪರೀಕ್ಷೆ) 9.6.

ಮಧುಮೇಹದಿಂದ ಕಿಡ್ನಿ ಹೋಗಿದೆ ಅಂತ ಡಾಕ್ಟರ್ ಎಲ್ಲೂ ಬರೆದಿಲ್ಲ. ಬರೆಯಬೇಕಾಗಿಯೂ ಇಲ್ಲ. ಇಂಡೆಕ್ಸ್‌ನಲ್ಲಿ ಮಧುಮೇಹದ ಕೆಳಗೆ "ಜೊತೆಗೆ" ಅನ್ನುವ ಪದದಡಿ ಹೆಸರಿಸಿದ ತೊಂದರೆಗಳಿಗೆ ಸಂಬಂಧ ಇದ್ದೇ ಇದೆ ಅಂತ ಪುಸ್ತಕವೇ ಭಾವಿಸುತ್ತದೆ, ಡಾಕ್ಟರ್ ಅಲ್ಲಗಳೆಯದ ಹೊರತು. ಹಾಗಾಗಿ ಮಧುಮೇಹದ ಕಿಡ್ನಿ ಕಾಯಿಲೆಗೆ ಇ11.22. ಅದರ ಕೆಳಗಿನ ಸೂಚನೆಯಂತೆ ಹಂತಕ್ಕೆ ಎನ್18.32. ಬಿಪಿಗೂ ಕಿಡ್ನಿಗೂ ಇದೇ ತರ್ಕ, ಆದ್ದರಿಂದ ಬರೀ ಬಿಪಿಯ ಐ10 ಅಲ್ಲ, ಬಿಪಿ ಮತ್ತು ಕಿಡ್ನಿ ಸೇರಿದ ಐ12.9. ನರಕ್ಕೆ ಇ11.42. ಆಮೇಲೆ ಝಡ್79.4 ಮತ್ತು ಝಡ್79.84. ಒಟ್ಟು ಆರು ಕೋಡ್. ಕಿಡ್ನಿ, ನರ ಅಂತ ಎರಡು ತೊಂದರೆ ಬಂದ ಮೇಲೆ ತೊಂದರೆ ಇಲ್ಲದ ಮಧುಮೇಹದ ಇ11.9 ಸೇರಿಸುವುದು ನಗೆಪಾಟಲು, ಆದರೂ ಸಾಫ್ಟ್‌ವೇರ್ ಸೂಚಿಸಿತು ಅಂತ ಸೇರಿಸುವವರಿದ್ದಾರೆ.

9.6 ನೋಡಿ ಸಕ್ಕರೆ ಏರಿದ ಟೈಪ್ 2ರ ಕೋಡ್ ಇ11.65 ಹಾಕೋಣವೇ? ಇಲ್ಲ. ಲ್ಯಾಬ್ ಅಂಕಿ ರೋಗನಿರ್ಣಯ ಅಲ್ಲ. ಹೈಪರ್‌ಗ್ಲೈಸೀಮಿಯ ಅಂತಲೋ, ಅದಕ್ಕೆ ಸಮನಾದ ಮಾತನ್ನೋ ಪ್ರೊವೈಡರ್ (ಚಿಕಿತ್ಸೆ ಕೊಡುವ ಡಾಕ್ಟರ್) ಬರೆದಿರಬೇಕು. ಅನ್‌ಕಂಟ್ರೋಲ್ಡ್ ಅಂತ ಬರೆದರೂ ಸಾಲದು. ಇಂಡೆಕ್ಸ್ ಆ ಪದವನ್ನು ಎರಡು ದಾರಿಗೆ ಒಡೆಯುತ್ತದೆ, ಸಕ್ಕರೆ ಏರಿದ್ದಾದರೆ ಒಂದು, ಇಳಿದದ್ದಾದರೆ ಇನ್ನೊಂದು. ಯಾವುದು ಅಂತ ತಿಳಿಯದಿದ್ದರೆ ಕ್ವೆರಿ. ಆದರೆ ಇದೇ ಎಚ್‌ಬಿಎ1ಸಿ ಅಂಕಿ ಗುಣಮಟ್ಟದ ವರದಿಗೆ ಬೇಕಾದ ಸಿಪಿಟಿ (ವೈದ್ಯಕೀಯ ಸೇವೆಗಳ ಕೋಡ್ ಪಟ್ಟಿ) ಎರಡನೆಯ ವರ್ಗದ ಕೋಡ್‌ಗಳಿಗೆ ಸಲ್ಲುತ್ತದೆ: 7ಕ್ಕಿಂತ ಕಡಿಮೆ ಇದ್ದರೆ 3044ಎಫ್, 9ಕ್ಕಿಂತ ಹೆಚ್ಚಿದ್ದರೆ 3046ಎಫ್, ನಡುವೆ 3051ಎಫ್ ಮತ್ತು 3052ಎಫ್. ನಮ್ಮ ಉದಾಹರಣೆಗೆ 3046ಎಫ್.

ಕ್ವೆರಿ ಬರೆಯುವಾಗ ಬಾಯಿಗೆ ತುತ್ತು ಇಡುವಂತೆ ಬರೆಯಬಾರದು. "ದಯವಿಟ್ಟು ಹೈಪರ್‌ಗ್ಲೈಸೀಮಿಯ ಅಂತ ಸೇರಿಸಿ" ಅನ್ನುವುದು ಪ್ರಶ್ನೆ ಕೇಳುವುದಲ್ಲ, ಉತ್ತರ ಹೇಳಿಕೊಡುವುದು. ಸರಿಯಾದದ್ದು ಹೀಗಿರುತ್ತದೆ: "ನೋಟ್‌ನಲ್ಲಿ ಮಧುಮೇಹ ಅನ್‌ಕಂಟ್ರೋಲ್ಡ್ ಅಂತ ಇದೆ. ಎಚ್‌ಬಿಎ1ಸಿ 9.6, ಲ್ಯಾಂಟಸ್ 20ರಿಂದ 24ಕ್ಕೆ ಏರಿಸಲಾಗಿದೆ. ಇದರ ಅರ್ಥ ಹೈಪರ್‌ಗ್ಲೈಸೀಮಿಯವೇ, ಹೈಪೊಗ್ಲೈಸೀಮಿಯವೇ, ಬೇರೆಯೇ, ಹೇಳಲಾಗದೇ ಅನ್ನುವುದನ್ನು ತಿಳಿಸಿ." ಗುರುತುಗಳನ್ನು ಮುಂದಿಡಬೇಕು, ಆಯ್ಕೆಗಳನ್ನು ಕೊಡಬೇಕು, ಉತ್ತರ ಡಾಕ್ಟರದೇ ಆಗಿರಬೇಕು.

ಡೋಸ್ ತಪ್ಪಿದಾಗ

ನಮ್ಮ ಕಡೆಯವರಿಗೆ ಚೆನ್ನಾಗಿ ಅರ್ಥವಾಗುವ ಒಂದು ಸನ್ನಿವೇಶದಿಂದಲೇ ಹೋಗೋಣ. ಭಾರತದಲ್ಲಿ ಇನ್ಸುಲಿನ್ ಬಾಟಲಿ ಸಾಮಾನ್ಯವಾಗಿ ಒಂದು ಮಿಲಿಲೀಟರ್‌ಗೆ 40 ಯೂನಿಟ್ ಇರುತ್ತದೆ, ಅದಕ್ಕೆ ಕೆಂಪು ಟೋಪಿಯ ಸಿರಿಂಜ್. ಪೆನ್ ಮತ್ತು ಕಾರ್ಟ್ರಿಜ್‌ಗಳು 100 ಯೂನಿಟ್. ಅಮೆರಿಕದಲ್ಲಿ ಬಾಟಲಿಯೂ 100, ಸಿರಿಂಜ್ ಕಿತ್ತಳೆ ಟೋಪಿಯದು. ಗೋಕಾಕದ ಅಜ್ಜ ಮಗನ ಮನೆಗೆ ಅಂತ ನ್ಯೂ ಜೆರ್ಸಿಗೆ ಹೋಗುತ್ತಾನೆ, ಬಾಟಲಿ ಇಲ್ಲಿಂದಲೇ ಒಯ್ದಿರುತ್ತಾನೆ, ಸಿರಿಂಜ್ ಮುಗಿದು ಅಲ್ಲಿನದನ್ನು ಕೊಳ್ಳುತ್ತಾರೆ. 20ರ ಗೆರೆಗೆ ಎಳೆದರೆ ಆ ಸಿರಿಂಜ್‌ನಲ್ಲಿ 0.2 ಮಿಲಿಲೀಟರ್, 40ರ ಬಾಟಲಿಯಿಂದ ಅದು ಬರೀ 8 ಯೂನಿಟ್. ಮೂರು ವಾರಕ್ಕೆ ಸಕ್ಕರೆ ಏರಿ ಎಮರ್ಜೆನ್ಸಿಗೆ ಬರುತ್ತಾನೆ.

ಪ್ರೊವೈಡರ್ ಹೈಪರ್‌ಗ್ಲೈಸೀಮಿಯ ಅಂತ ಬರೆದು, ಸಿರಿಂಜ್ ತಪ್ಪಿನಿಂದ ಡೋಸ್ ಕಡಿಮೆ ಹೋಗಿದೆ ಅಂತಲೂ ಬರೆದಿದ್ದರೆ ಕೋಡ್‌ಗಳ ಸಾಲು ಇದು: ಮೊದಲು ಇ11.65, ಆಮೇಲೆ ಕಡಿಮೆ ಡೋಸ್‌ಗೆ ಟಿ38.3ಎಕ್ಸ್6ಎ, ಅದು ಉದ್ದೇಶಪೂರ್ವಕ ಅಲ್ಲ ಅನ್ನುವುದಕ್ಕೆ ಝಡ್91.138, ಕೊನೆಗೆ ಝಡ್79.4. ಕಡಿಮೆ ಡೋಸ್‌ನ ಕೋಡ್ ಯಾವತ್ತೂ ಸಾಲಿನ ಮೊದಲಿಗೆ ನಿಲ್ಲುವುದಿಲ್ಲ. ದುಡ್ಡಿಲ್ಲ ಅಂತ ಇನ್ಸುಲಿನ್ನನ್ನು ಉಳಿಸಿ ಉಳಿಸಿ ಚುಚ್ಚಿಕೊಂಡವರಿಗೆ ಝಡ್91.138 ಬದಲು ಝಡ್91.120. ಅಮೆರಿಕದಲ್ಲಿ ಇದು ಕತೆ ಅಲ್ಲ. ಮೆಡಿಕೇರ್ (ಮುಖ್ಯವಾಗಿ ವಯಸ್ಸಾದವರ ಸರ್ಕಾರಿ ವಿಮೆ) ಇರುವವರಿಗೆ 2023ರಿಂದ ತಿಂಗಳ ಇನ್ಸುಲಿನ್‌ಗೆ 35 ಡಾಲರ್ ಮಿತಿ ಹಾಕಿದ್ದಾರೆ, ಉಳಿದವರ ಚಾರ್ಟ್‌ಗಳಲ್ಲಿ ಈ ಕೋಡ್‌ಗೆ ಇನ್ನೂ ಕೆಲಸ ಇದೆ.

ಉಲ್ಟಾ ಆದರೆ ಅಪಾಯ ಇನ್ನೂ ದೊಡ್ಡದು. 100ರ ಇನ್ಸುಲಿನ್ನನ್ನು ಕೆಂಪು ಟೋಪಿಯ 40ರ ಸಿರಿಂಜ್‌ನಲ್ಲಿ 20ರ ಗೆರೆಗೆ ಎಳೆದರೆ ಅರ್ಧ ಮಿಲಿಲೀಟರ್, ಅಂದರೆ 50 ಯೂನಿಟ್ ಒಳಗೆ ಹೋಗುತ್ತದೆ. ಬೇಕಾದದ್ದಕ್ಕಿಂತ ಎರಡೂವರೆ ಪಟ್ಟು. ಇದು ತಪ್ಪಾಗಿ ಹೆಚ್ಚು ಹೋದ ಡೋಸ್, ಕೋಡಿಂಗ್ ಭಾಷೆಯಲ್ಲಿ ವಿಷಪ್ರಾಶನ, ಟಿ38.3ಎಕ್ಸ್1ಎ ಸಾಲಿನ ಮೊದಲಿಗೆ, ಆಮೇಲೆ ಸಕ್ಕರೆ ಕುಸಿದದ್ದಕ್ಕೆ, ಪ್ರಜ್ಞೆ ಇದ್ದರೆ ಇ11.649, ಕೋಮಾ ಇದ್ದರೆ ಇ11.641. ಡಾಕ್ಟರ್ ಹೇಳಿದಷ್ಟೇ ಡೋಸ್ ಸರಿಯಾಗಿ ತೆಗೆದುಕೊಂಡೂ ಸಕ್ಕರೆ ಇಳಿದಿದ್ದರೆ ಸಾಲು ತಿರುಗುತ್ತದೆ: ಮೊದಲು ಇ11.649, ಆಮೇಲೆ ಅಡ್ಡಪರಿಣಾಮದ ಟಿ38.3ಎಕ್ಸ್5ಎ. ಒಂದು, ಐದು, ಆರು ಈ ಮೂರು ಅಂಕಿಗಳಲ್ಲಿ ಇಡೀ ಕತೆ ಅಡಗಿದೆ. ರೋಗಿ ಎಷ್ಟು ತೆಗೆದುಕೊಳ್ಳಬೇಕಿತ್ತು, ಎಷ್ಟು ತೆಗೆದುಕೊಂಡ ಅನ್ನುವ ಎರಡು ಸಂಖ್ಯೆ ನೋಟ್‌ನಲ್ಲಿ ಸಿಗದೆ ಇದರಲ್ಲಿ ಒಂದನ್ನು ಆರಿಸುವುದು ಊಹೆಯೇ ಸರಿ. 2024ರ ಅಕ್ಟೋಬರ್‌ನಿಂದ ಸಕ್ಕರೆ ಎಷ್ಟು ಇಳಿದಿತ್ತು ಅನ್ನುವ ಹಂತಕ್ಕೂ ಇ16.ಎ1, ಎ2, ಎ3 ಅಂತ ಹೆಚ್ಚುವರಿ ಕೋಡ್‌ಗಳಿವೆ. ಹಂತವನ್ನು ಪ್ರೊವೈಡರ್ ಹೆಸರಿಸಿರಬೇಕು.

ಪಂಪ್ ಇರುವವರಿಗೆ ಝಡ್96.41 ಸೇರುತ್ತದೆ. ಪಂಪ್ ಕೆಟ್ಟು ಇನ್ಸುಲಿನ್ ಹೋಗದೆ ಕೀಟೋ ಅಸಿಡೋಸಿಸ್ (ರಕ್ತದಲ್ಲಿ ಆಮ್ಲ ಏರುವ ಅಪಾಯ) ಆದರೆ, ಹೊಸಬರು ಅದರ ಕೋಡ್ ಇ10.10ನ್ನೇ ಮೊದಲಿಗೆ ಇಡುತ್ತಾರೆ. ಗೈಡ್‌ಲೈನ್ ಪ್ರಕಾರ ಮೊದಲಿಗೆ ಪಂಪ್‌ನ ದೋಷ: ಒಡೆದು ಕೆಟ್ಟಿದ್ದರೆ ಟಿ85.614ಎ, ಜಾಗ ತಪ್ಪಿದ್ದರೆ ಟಿ85.624ಎ, ಸೋರುತ್ತಿದ್ದರೆ ಟಿ85.633ಎ. ಅದರ ಹಿಂದೆ ಟಿ38.3ಎಕ್ಸ್6ಎ, ಅದರ ಹಿಂದೆ ಮಧುಮೇಹ. ಪಂಪ್ ಹೆಚ್ಚು ಇನ್ಸುಲಿನ್ ಬಿಟ್ಟಿದ್ದರೆ ನಡುವಿನದು ಟಿ38.3ಎಕ್ಸ್1ಎ.

ಬಸುರಿಯರು, ಮೇದೋಜೀರಕ ತೆಗೆಸಿಕೊಂಡವರು

ಬಸಿರಿನಲ್ಲೇ ಶುರುವಾದ ಸಕ್ಕರೆ ಬ್ಯಾನಿಗೆ ಇನ್ಸುಲಿನ್ ಕೊಡುತ್ತಿದ್ದರೆ ಓ24.414. ಆ ಕೋಡ್‌ನಲ್ಲೇ ಇನ್ಸುಲಿನ್ ಅಡಗಿದೆ, ಹಾಗಾಗಿ ಝಡ್79.4 ಬೇಡ, ಓ24.4ರ ಗುಂಪಿನ ಜೊತೆ ಝಡ್79.84, ಝಡ್79.85 ಕೂಡ ಬೇಡ. ಪಥ್ಯ ಮತ್ತು ಇನ್ಸುಲಿನ್ ಎರಡೂ ಇದ್ದರೆ ಇನ್ಸುಲಿನ್ ಕೋಡ್ ಒಂದೇ. ಮೊದಲೇ ಟೈಪ್ 2 ಇದ್ದವಳು ಬಸುರಿಯಾಗಿ 24ನೆಯ ವಾರದಲ್ಲಿ ಬಂದರೆ ಲೆಕ್ಕ ಬೇರೆ: ಓ24.112, ಇ11.9 ಅಥವಾ ತೊಂದರೆಯ ಕೋಡ್, ಝಡ್79.4, ವಾರಕ್ಕೆ ಝಡ್3ಎ.24. ಇಲ್ಲಿ ಝಡ್79.4 ಬೇಕು. ಎರಡಕ್ಕೂ ಇರುವ ವ್ಯತ್ಯಾಸ ಒಂದೇ, ಬ್ಯಾನಿ ಬಸಿರಿಗಿಂತ ಮುಂಚಿನದೋ, ಬಸಿರಿನದೋ ಅನ್ನುವುದು.

ಮೇದೋಜೀರಕ ಪೂರ್ತಿ ತೆಗೆದ ಮೇಲೆ ಬಂದ ಮಧುಮೇಹಕ್ಕೆ ಇ89.1 ಮೊದಲು, ಇ13ರ ಕೋಡ್, ಝಡ್90.410, ಇನ್ಸುಲಿನ್ ಇದ್ದರೆ ಝಡ್79.4. ಸ್ವಲ್ಪ ಭಾಗ ಮಾತ್ರ ತೆಗೆದಿದ್ದರೆ ಝಡ್90.411.

ಪಟ್ಟಿ, ಲ್ಯಾನ್ಸೆಟ್, ಯೂನಿಟ್ ಲೆಕ್ಕ

ಬಿಲ್ಲಿಂಗ್ ಕಡೆಯವರಿಗೆ ಝಡ್79.4 ಬರೀ ಕೋಡ್ ಅಲ್ಲ, ಅದರ ಮೇಲೆ ಸಾಮಾನಿನ ಲೆಕ್ಕ ನಿಂತಿದೆ. ಮೆಡಿಕೇರ್‌ನಲ್ಲಿ ಇನ್ಸುಲಿನ್ ತೆಗೆದುಕೊಳ್ಳುವವರಿಗೆ ಮೂರು ತಿಂಗಳಿಗೆ 300 ಸಕ್ಕರೆ ಪರೀಕ್ಷಾ ಪಟ್ಟಿ (ಸ್ಟ್ರಿಪ್), 300 ಲ್ಯಾನ್ಸೆಟ್ (ಬೆರಳು ಚುಚ್ಚುವ ಸೂಜಿ); ತೆಗೆದುಕೊಳ್ಳದವರಿಗೆ 100, 100. ಇನ್ಸುಲಿನ್ ಇದ್ದರೆ ಕೆಎಕ್ಸ್ ಮಾಡಿಫೈಯರ್ (ಕೋಡ್‌ಗೆ ಅಂಟಿಸುವ ಗುರುತು), ಇಲ್ಲದಿದ್ದರೆ ಕೆಎಸ್. ಪಟ್ಟಿಯ ಕೋಡ್ ಎ4253 ಐವತ್ತಕ್ಕೊಂದು, ಆದ್ದರಿಂದ 300 ಪಟ್ಟಿಗೆ 6 ಯೂನಿಟ್. ಲ್ಯಾನ್ಸೆಟ್‌ನ ಎ4259 ನೂರಕ್ಕೊಂದು, ಆದ್ದರಿಂದ 3 ಯೂನಿಟ್. ಯೂನಿಟ್ ಜಾಗದಲ್ಲಿ 300 ಅಂತಲೇ ತುಂಬಿ ಕ್ಲೇಮ್ ತಿರಸ್ಕಾರ ಆಗುವುದು ದಿನನಿತ್ಯದ ಸಂಗತಿ. ಕೆಎಕ್ಸ್ ಹಾಕಿ ಡಯಾಗ್ನೋಸಿಸ್ ಸಾಲಿನಲ್ಲಿ ಝಡ್79.4 ಬಿಟ್ಟರೆ ಕ್ಲೇಮ್ ಒಂದು ಹೇಳುತ್ತದೆ, ಚಾರ್ಟ್ ಇನ್ನೊಂದು.

ಕ್ಲಿನಿಕ್‌ನಲ್ಲೇ ಇನ್ಸುಲಿನ್ ಚುಚ್ಚಿದರೆ ಜೆ1815, ಪ್ರತಿ 5 ಯೂನಿಟ್‌ಗೆ ಒಂದು. 20 ಯೂನಿಟ್ ಕೊಟ್ಟಿದ್ದರೆ ಬಿಲ್ಲಿನಲ್ಲಿ 4. ಪಂಪ್‌ಗೆ ಹಾಕುವ ಇನ್ಸುಲಿನ್ ಜೆ1817, ಪ್ರತಿ 50ಕ್ಕೆ ಒಂದು. ತಿಂಗಳಿಗೆ 1,500 ಯೂನಿಟ್ ಆದರೆ 30. ಇನ್ಸುಲಿನ್ನಿನ ಯೂನಿಟ್ಟೇ ಬೇರೆ, ಬಿಲ್ಲಿನ ಯೂನಿಟ್ಟೇ ಬೇರೆ.

ರಿಸ್ಕ್ ಅಡ್ಜಸ್ಟ್‌ಮೆಂಟ್ (ರೋಗಿಯ ಕಾಯಿಲೆಗಳ ಭಾರ ನೋಡಿ ವಿಮೆ ಕಂಪನಿಗೆ ದುಡ್ಡು ಕೊಡುವ ಲೆಕ್ಕ) ಪ್ರಾಜೆಕ್ಟ್‌ನಲ್ಲಿ ಇರುವವರಿಗೆ ಒಂದು ಮಾತು. ಮೆಡಿಕೇರ್‌ನ ಹಳೆಯ ಮಾದರಿ ವಿ24ರಲ್ಲಿ ಝಡ್79.4 ಒಂದಿದ್ದರೂ ದುಡ್ಡು ತರುವ ರೋಗಗುಂಪುಗಳಲ್ಲಿ ಒಂದಾದ ಎಚ್‌ಸಿಸಿ 19ಕ್ಕೆ ದಾರಿ ಸಿಗುತ್ತಿತ್ತು. ಹೊಸ ಮಾದರಿ ವಿ28ರಲ್ಲಿ ಅದನ್ನು ತೆಗೆದುಹಾಕಿದ್ದಾರೆ. 2024ರಲ್ಲಿ ಮೂರನೆಯ ಒಂದು ಭಾಗ, 2025ರಲ್ಲಿ ಮೂರನೆಯ ಎರಡು ಭಾಗ, 2026ಕ್ಕೆ ಪೂರ್ತಿ ವಿ28. ದುಡ್ಡು ಬರುವುದಿಲ್ಲ ಅಂತ ಈಗ ಕೆಲವರು ಝಡ್79.4ನ್ನೇ ಬಿಟ್ಟುಬಿಡುತ್ತಿದ್ದಾರೆ. ಟ್ಯಾಬ್ಯುಲರ್ ಸೂಚನೆ ಇನ್ನೂ ಅಲ್ಲೇ ಇದೆ. ದುಡ್ಡಿನ ಮಾದರಿ ಬದಲಾಗಿದೆ, ಕೋಡಿಂಗ್ ನಿಯಮ ಅಲ್ಲ.

ಇಲ್ಲಿನ ಆಸ್ಪತ್ರೆಯ ಎಂಆರ್‌ಡಿಯಲ್ಲಿ (ರೋಗಿಗಳ ದಾಖಲೆ ವಿಭಾಗದಲ್ಲಿ) ಇರುವವರಿಗೆ

ಇಷ್ಟು ಹೊತ್ತು ಹೇಳಿದ್ದು ಅಮೆರಿಕದ ಪುಸ್ತಕ. ನೆಹರೂ ನಗರದ ಕಡೆಯ ಆಸ್ಪತ್ರೆಯಲ್ಲೋ ಚಿಕ್ಕೋಡಿ, ಅಥಣಿಯ ನರ್ಸಿಂಗ್ ಹೋಮ್‌ನಲ್ಲೋ ಕೂತು ಡಿಸ್ಚಾರ್ಜ್‌ಗೆ ಕೋಡ್ ಹಾಕುವವರು ಬಳಸುವುದು ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10. ಎರಡರ ಮುಖ ಒಂದೇ ಥರ, ಹೊಟ್ಟೆ ಬೇರೆ. ಆ ಪುಸ್ತಕದಲ್ಲಿ ಝಡ್79 ಅನ್ನುವ ವರ್ಗವೇ ಇಲ್ಲ. ಔಷಧದ ದೀರ್ಘ ಬಳಕೆ ಹೇಳಬೇಕಾದರೆ ಝಡ್92.2. ಮಧುಮೇಹದ ಕೋಡ್ ಚುಕ್ಕಿಯ ನಂತರ ಒಂದೇ ಅಂಕಿಗೆ ನಿಲ್ಲುತ್ತದೆ: ಕಿಡ್ನಿಗೆ ಇ11.2, ಕಣ್ಣಿಗೆ ಇ11.3, ನರಕ್ಕೆ ಇ11.4, ಕಾಲಿನ ರಕ್ತನಾಳಕ್ಕೆ ಇ11.5. ಒಂದಕ್ಕಿಂತ ಹೆಚ್ಚು ತೊಂದರೆ ಇದ್ದರೆ ಇ11.7 ಅಂತ ಇದೆ, ಅದು ಅಮೆರಿಕದ ಪುಸ್ತಕದಲ್ಲಿ ಇಲ್ಲ. ಇ11.65 ಅಲ್ಲಿದೆ, ಇಲ್ಲಿಲ್ಲ. ಗೂಗಲ್‌ನಲ್ಲಿ ಹುಡುಕಿದರೆ ಮೊದಲು ಸಿಗುವುದು ಅಮೆರಿಕದ ಕೋಡ್, ಅದನ್ನೇ ಎತ್ತಿ ವಿಮೆಯ ಕ್ಲೇಮ್ ಫಾರ್ಮಿನ ಪಾರ್ಟ್ ಬಿಯಲ್ಲಿ ಬರೆಯುವುದು ನಡೆಯುತ್ತಲೇ ಇದೆ.

ಆ ಪಾರ್ಟ್ ಬಿಯಲ್ಲಿ ಮುಖ್ಯ ರೋಗ, ಹೆಚ್ಚುವರಿ ರೋಗ, ಜೊತೆಗಿರುವ ಕಾಯಿಲೆ ಅಂತ ಬೇರೆ ಬೇರೆ ಸಾಲುಗಳಿವೆ. ತೊಡೆಯ ಮೂಳೆ ಮುರಿದು ಬಂದವನ ಸಕ್ಕರೆ ಬ್ಯಾನಿ ಕೊನೆಯ ಸಾಲಿಗೆ ಹೋಗಬೇಕು. ಮಿಕ್ಸ್‌ಟಾರ್ಡ್ ಬೆಳಿಗ್ಗೆ 20, ರಾತ್ರಿ 12 ಅಂತ ಕೇಸ್ ಶೀಟ್‌ನಲ್ಲಿದೆ ಅಂತ ಅಲ್ಲಿ ಇ10 ಬರೆದು, ವಿಮೆಯವರು ಎಷ್ಟು ವರ್ಷದಿಂದ ಟೈಪ್ 1 ಅಂತ ಕಾಗದ ಕೇಳಿದ ಮೇಲೆ ತಿದ್ದಲು ಹೋದರೆ, ಡಾಕ್ಟರರ ಸಹಿ, ಸೀಲು, ತಿದ್ದುಪಡಿ ಪತ್ರ ಎಲ್ಲವೂ ಮೊದಲಿನಿಂದ. ಕೇಸ್ ಶೀಟ್‌ನ ಮೊದಲ ಪುಟದಲ್ಲಿ ಡಾಕ್ಟರ್ ಟೈಪ್ 2 ಅಂತ ಬರೆದಿದ್ದರು.